ಆಮೇಲೆ ಬೇರೆ, ಅದರಿಂದ ಬೇರೆ

ಹೋದ ವಾರ ಶಾಜಿಯಾ ಫೋನ್ ಮಾಡಿದ್ದಳು. ಹಳೇ ಆಫೀಸಿನಲ್ಲಿ ನನ್ನ ಪಕ್ಕದ ಸೀಟಿನಲ್ಲಿ ಕೂರುತ್ತಿದ್ದವಳು, ಶಿವಾಜಿನಗರದ ಹುಡುಗಿ, ಸುತ್ತಿ ಬಳಸಿ ಮಾತಾಡಲು ಬಾರದವಳು.

"ಅಕ್ಕ ರಿಟೈರ್ ಆಗ್ತಿದಾರೆ ಕಣೇ. ಎಲ್ಲರ ಹತ್ರಾನೂ ಎರಡೆರಡು ಸಾಲು ಬರೆಸ್ಕೊಂಡು ಆಲ್ಬಮ್ ಮಾಡ್ತಿದೀವಿ. ನೀನೂ ಬರ್ಕೊಡು."

"ನಾನಾ?"

"ನೀನೇ ತಾನೇ ಅವರ ದೊಡ್ಡ ಶಿಷ್ಯೆ? ಆಗಿದ್ದು ಆಗೋಯ್ತು, ಬಿಡು. ಎರಡೇ ಎರಡು ಸಾಲು."

ಆಗಲಿ ಅಂದೆ. ಬರೆಯಲು ಕೂತರೆ ಇಷ್ಟುದ್ದ ಬಂತು. ಎರಡು ಸಾಲಿನಲ್ಲಿ ಮುಗಿಯುವ ಹೆಂಗಸಲ್ಲ ಅವರು. ನನ್ನ ಸಿಟ್ಟೂ ಎರಡು ಸಾಲಿನಲ್ಲಿ ಮುಗಿಯುವಂಥದ್ದಲ್ಲ.

ನಮ್ಮ ಆಫೀಸು ಇಂದಿರಾನಗರದಲ್ಲಿ, ಒಂದು ಬಟ್ಟೆ ಅಂಗಡಿಯ ಮೇಲಿನ ಮಹಡಿಯಲ್ಲಿತ್ತು. ಹೊರದೇಶದ ಆಸ್ಪತ್ರೆಗಳಲ್ಲಿ ಡಾಕ್ಟರು ರೋಗಿಯ ಬಗ್ಗೆ ಬರೆದದ್ದೆಲ್ಲ ನಮ್ಮ ಕಂಪ್ಯೂಟರಿಗೆ ಬರುತ್ತಿತ್ತು. ಅದನ್ನು ಓದಿ, ಅಲ್ಲಿರುವ ಒಂದೊಂದು ಕಾಯಿಲೆಗೂ ಅದಕ್ಕೆಂದೇ ಗೊತ್ತುಮಾಡಿದ ಕೋಡ್ ಹಾಕುವುದು ನಮ್ಮ ಕೆಲಸ. ಒಂದು ಇಂಗ್ಲಿಷ್ ಅಕ್ಷರ, ಅದರ ಹಿಂದೆ ಒಂದಷ್ಟು ಅಂಕಿ. ಮೆಡಿಕಲ್ ಕೋಡಿಂಗ್ ಅನ್ನುತ್ತಾರೆ. ಹೊಸ ತಿಪ್ಪಸಂದ್ರದ ನಮ್ಮ ಬೀದಿಯಲ್ಲಿ ಅಮ್ಮ ಮಾತ್ರ "ನನ್ನ ಮಗಳು ಕಾಯಿಲೆಗೆ ನಂಬರ್ ಹಾಕ್ತಾಳೆ" ಎಂದು ಹೇಳಿಕೊಂಡು ಬರುತ್ತಿದ್ದಳು. ತರಕಾರಿಯವನು ಒಂದು ದಿನ, "ನಮ್ಮ ಶುಗರ್‌ಗೆ ಎಷ್ಟು ನಂಬರ್ ಬಿದ್ದಿದೆ ಮೇಡಂ?" ಎಂದು ಕೇಳಿದ್ದ.

ನಾವು ಹಾಕಿದ ಕೋಡ್ ಸರಿಯೋ ತಪ್ಪೋ ಎಂದು ನೋಡಿ ಪಾಸ್ ಮಾಡುವವರು ಅಕ್ಕ. ಮ್ಯಾನೇಜರಿಂದ ಹಿಡಿದು ಲಿಫ್ಟಿನವನವರೆಗೆ ಎಲ್ಲರೂ ಅವರನ್ನು ಅಕ್ಕ ಎಂದೇ ಕರೆಯುತ್ತಿದ್ದುದು. ಹೆಸರು ಹಿಡಿದು ಕರೆದವರನ್ನು ನಾನು ಕಂಡಿಲ್ಲ, ಇಲ್ಲಿ ಆ ಹೆಸರು ಬೇಡ. ಹಲಸೂರು ಕೆರೆಯ ಹಿಂದಿನ ಸಂದಿಯಲ್ಲಿ ಮನೆ. ಮೊದಲು ಶಿವಾಜಿನಗರದ ಒಂದು ನರ್ಸಿಂಗ್ ಹೋಮಿನಲ್ಲಿ ನರ್ಸ್ ಆಗಿದ್ದರು. ಸೊಂಟ ಹಿಡಿದುಕೊಂಡ ಮೇಲೆ ಕೂತು ಮಾಡುವ ಈ ಕೆಲಸ ಕಲಿತರು. ಇಸ್ತ್ರಿ ಮಾಡಿದ ಕಾಟನ್ ಸೀರೆ, ಮುಡಿಯಲ್ಲಿ ಮಲ್ಲಿಗೆ, ಕೊರಳಲ್ಲಿ ದಾರಕ್ಕೆ ಕಟ್ಟಿದ ಕನ್ನಡಕ. ಬೆಳಿಗ್ಗೆ ಒಳಗೆ ಬರುವಾಗಲೇ ಅವರ ರಾಜ್ಯಭಾರ ಶುರು. ಸೆಕ್ಯೂರಿಟಿಯವನಿಗೆ "ಸಾಪ್ಟಿಯಾಪ್ಪಾ?", ಕ್ಯಾಬ್ ಡ್ರೈವರಿಗೆ "ಖಾನಾ ಹೋಗಯಾ ಕ್ಯಾ ಭಾಯ್?", ನನಗೆ "ತಿಂಡಿ ತಿಂದ್ಯೇನೇ?" ಮೂರು ಭಾಷೆಯಲ್ಲಿ ಕೇಳುತ್ತಿದ್ದದ್ದು ಒಂದೇ ಪ್ರಶ್ನೆ. ಇಲ್ಲ ಅಂದವರಿಗೆ ಬ್ಯಾಗಿನಿಂದ ಬಾಳೆಹಣ್ಣು ಬರುತ್ತಿತ್ತು.

ಅವರಿಗೊಂದು ಅಭ್ಯಾಸವಿತ್ತು. ಯಾವ ರೋಗಿಯ ಚಾರ್ಟ್ ಓದುತ್ತಾರೋ ಆ ರೋಗಿಯ ನೋವಿನ ಜಾಗಕ್ಕೆ ಅವರ ಕೈ ಹೋಗುತ್ತಿತ್ತು. ಬಲ ಭುಜ ಎಂದಿದ್ದರೆ ತಮ್ಮ ಬಲ ಭುಜ ಹಿಡಿದುಕೊಳ್ಳುತ್ತಿದ್ದರು, ಎಡ ಮಂಡಿ ಎಂದಿದ್ದರೆ ಎಡ ಮಂಡಿ ಒತ್ತಿಕೊಳ್ಳುತ್ತಿದ್ದರು. ನಮ್ಮ ಕೋಡಿನಲ್ಲಿ ಎಡಕ್ಕೊಂದು ಅಂಕಿ, ಬಲಕ್ಕೊಂದು ಅಂಕಿ. ಹೊಸಬರೆಲ್ಲ ಅದನ್ನು ಅದಲುಬದಲು ಮಾಡುತ್ತಿದ್ದರು. ಅಕ್ಕ ಹಾಗೆ ಮಾಡಿದ್ದನ್ನು ನಾನು ನೋಡಿಲ್ಲ. "ನಿನ್ನ ಮೈಮೇಲೆ ಮುಟ್ಟಿ ನೋಡ್ಕೊಳೇ, ತಪ್ಪೋದಿಲ್ಲ" ಎನ್ನುತ್ತಿದ್ದರು. ನಾವೂ ಕಲಿತೆವು. ಹೊರಗಿನವರು ಯಾರಾದರೂ ಆಗ ಒಳಗೆ ಬಂದಿದ್ದರೆ, ಇದೇನಪ್ಪಾ ಇಡೀ ಆಫೀಸಿಗೆ ಮೈಕೈ ನೋವು ಬಂದಿದೆ ಅಂದುಕೊಳ್ಳುತ್ತಿದ್ದರು.

ಸೇರಿದ ಹೊಸದರಲ್ಲಿ ನನ್ನ ಪಾಲಿಗೆ ಬಂದ ಚಾರ್ಟೊಂದರಲ್ಲಿ ಹೊಟ್ಟೆಯ ಸೋಂಕಾಗಿ ಭೇದಿಯಾದ ಮೇಲೆ ಮಂಡಿ ಊದಿಕೊಂಡ ಒಬ್ಬ ಮನುಷ್ಯನಿದ್ದ. ಕರುಳಿನ ಸೋಂಕು ವಾಸಿಯಾದರೂ ಕೆಲವರಿಗೆ ಸ್ವಲ್ಪ ದಿನದ ನಂತರ ಕೀಲು ಉರಿದು ಊದುತ್ತದೆ, ಕಣ್ಣೂ ಉರಿಯುತ್ತದೆ. ಅದಕ್ಕೆ ಬೇರೆಯೇ ಕೋಡ್ ಇದೆ. ನಾನು ಅವಸರದಲ್ಲಿ ಅದರ ಹಿಂದಿನ ಸಾಲಿನಲ್ಲಿದ್ದ ಕೋಡ್ ಹಾಕಿಬಿಟ್ಟೆ. ಅದು ಕರುಳನ್ನು ಕತ್ತರಿಸಿ ಅಡ್ಡದಾರಿ ಜೋಡಿಸುವ ಆಪರೇಷನ್ ಮಾಡಿಸಿಕೊಂಡವರ ಕೀಲು ನೋವಿನದು. ಎರಡರಲ್ಲೂ ಕರುಳು ಇದೆ, ಕೀಲು ಇದೆ, ನನ್ನ ಕಣ್ಣಿಗೆ ಅಷ್ಟು ಸಾಕಾಗಿತ್ತು.

ಅಕ್ಕ ತಮ್ಮ ಸೀಟಿನಿಂದಲೇ ಕೂಗಿದರು. "ಅಯ್ಯೋ ಪಾಪಿ! ಭೇದಿ ಅಂತ ಬಂದೋನ ಹೊಟ್ಟೆ ಕೊಯ್ಸಿಬಿಟ್ಯಲ್ಲೇ!"

ಇಡೀ ಮಹಡಿ ನಕ್ಕಿತು. ಒಂದು ತಿಂಗಳು ನನಗೆ ಸರ್ಜನ್ ಅಂತ ಹೆಸರಿತ್ತು. ಆಮೇಲೆ ಅವರೇ ಕುರ್ಚಿ ಎಳೆದುಕೊಂಡು ಬಂದು ಪಕ್ಕದಲ್ಲಿ ಕೂತು ಹೇಳಿಕೊಟ್ಟರು. ಈ ಕಾಯಿಲೆಗೆ ಎರಡು ಕೋಡ್ ಬೇಕು. ಮೂಲ ಎಲ್ಲಿದೆಯೋ ಅದು ಮುಂದೆ, ತೊಂದರೆ ಎಲ್ಲಿ ಕಾಣಿಸಿತೋ ಅದು ಹಿಂದೆ. "ಮೊದ್ಲು ಹೊಟ್ಟೆ, ಆಮೇಲೆ ಮಂಡಿ. ಹೇಳು." ಹೇಳಿದೆ. "ಇನ್ನೊಂದ್ಸಲ." ಹೇಳಿದೆ. ಅದು ನಮ್ಮ ಊಟದ ಕೋಣೆಯ ಮಂತ್ರವೇ ಆಗಿಹೋಯಿತು. ಊಟದ ಹೊತ್ತಿಗೆ ಯಾರಾದರೂ ಕಂಪ್ಯೂಟರ್ ಬಿಟ್ಟು ಏಳದಿದ್ದರೆ ಶಾಜಿಯಾ "ಮೊದ್ಲು ಹೊಟ್ಟೆ!" ಎಂದು ಕೂಗುತ್ತಿದ್ದಳು.

ಅವರು ಕಲಿಸಿದ ದೊಡ್ಡ ಪಾಠ ಅದಲ್ಲ. ಇನ್ನೊಂದು ಚಾರ್ಟ್ ಬಂತು. ಒಂದು ಸಾಲಿನಲ್ಲಿ, ಕೆಲವು ದಿನಗಳ ಹಿಂದೆ ಭೇದಿಯಾಗಿತ್ತು. ಕೆಳಗಿನ ಸಾಲಿನಲ್ಲಿ, ಈಗ ಮಂಡಿ ಊತ. ನಾನು ಬೀಗುತ್ತಾ ಸರಿಯಾದ ಕೋಡನ್ನೇ ಹಾಕಿದೆ, ಹೊಟ್ಟೆ ಮುಂದೆ, ಮಂಡಿ ಹಿಂದೆ. ಅದೂ ವಾಪಸ್ ಬಂತು.

"ಯಾಕಕ್ಕಾ? ಸರಿಯಾಗೇ ಇದೆಯಲ್ಲ!"

"ಭೇದಿಯಿಂದ ಮಂಡಿ ಊದಿತು ಅಂತ ಡಾಕ್ಟ್ರು ಎಲ್ಲಿ ಬರ್ದಿದಾರೆ, ತೋರ್ಸು."

"ಮೊದ್ಲು ಭೇದಿ, ಆಮೇಲೆ ಊತ ಅಂತ ಇದೆಯಲ್ಲಾ. ಗೊತ್ತಾಗಲ್ವಾ ಅಕ್ಕಾ?"

"ಗೊತ್ತಾಗುತ್ತೆ. ನಂಗೂ ಗೊತ್ತಾಗುತ್ತೆ, ಲಿಫ್ಟಿನವನಿಗೂ ಗೊತ್ತಾಗುತ್ತೆ. ಆದ್ರೆ ಆಮೇಲೆ ಬೇರೆ, ಅದರಿಂದ ಬೇರೆ. ನಾನು ಆಫೀಸಿಗೆ ಬಂದೆ, ಆಮೇಲೆ ಕರೆಂಟ್ ಹೋಯ್ತು. ನನ್ನಿಂದ ಹೋಯ್ತಾ? ಆಮೇಲೆ ಅಂತ ಬರೆದದ್ದನ್ನ ಅದರಿಂದ ಅಂತ ಮಾಡೋ ಅಧಿಕಾರ ಡಾಕ್ಟ್ರಿಗೆ ಮಾತ್ರ. ನಮ್ಗಿಲ್ಲ."

ಹಾಗಾದರೆ ಏನು ಮಾಡಬೇಕು? ಡಾಕ್ಟರಿಗೇ ಕೇಳಿ ಬರೆಯಬೇಕು. ಅದಕ್ಕೂ ಒಂದು ಮಡಿ. "ಇದು ಅದರಿಂದ ಬಂದದ್ದಾ?" ಎಂದು ಕೇಳುವಂತಿಲ್ಲ, ಅದು ಡಾಕ್ಟರ ಬಾಯಿಗೆ ನಾವೇ ಉತ್ತರ ಇಟ್ಟಂತೆ. "ಇದರ ಕಾರಣವನ್ನು ದಯವಿಟ್ಟು ಸ್ಪಷ್ಟಪಡಿಸಿ" ಎಂದಷ್ಟೇ ಕೇಳಬೇಕು. ನನಗೆ ಇದು ಎಷ್ಟು ಹಿಡಿಸಿತೆಂದರೆ ಮನೆಯಲ್ಲೂ ಹೀಗೇ ಮಾತಾಡತೊಡಗಿದೆ. ಬೆಕ್ಕು ಬಂದುಹೋಯಿತು, ಆಮೇಲೆ ಹಾಲು ಇರಲಿಲ್ಲ ಎಂದು ಅಮ್ಮ ಗೊಣಗಿದರೆ, ಬೆಕ್ಕಿನಿಂದ ಅಂತ ಯಾರು ಬರೆದಿದ್ದಾರೆ ಎನ್ನುತ್ತಿದ್ದೆ. "ನಿನ್ನ ಅಕ್ಕ ನಿನ್ನ ತಲೆ ಕೆಡಿಸಿಟ್ಟಿದಾಳೆ" ಎಂದು ಅಮ್ಮ ಸೌಟು ಎತ್ತುತ್ತಿದ್ದಳು.

ನಿಜ ಹೇಳಬೇಕೆಂದರೆ ಆ ದಿನಗಳಲ್ಲಿ ಅಕ್ಕನನ್ನು ಕಂಡರೆ ನನಗೆ ಪ್ರಾಣ. ನನಗೆ ಒಡಹುಟ್ಟಿದವರಿಲ್ಲ, ಅಪ್ಪ ತೀರಿಕೊಂಡ ಮೇಲೆ ಮನೆಯಲ್ಲಿ ನಾನು ಮತ್ತು ಅಮ್ಮ ಇಬ್ಬರೇ. ನನ್ನ ಸಂಬಳದ ಮೇಲೇ ಮನೆ. ಅಮ್ಮನ ಕಣ್ಣಿನ ಆಪರೇಷನ್ ಆದಾಗ ಅಕ್ಕ ಹಲಸೂರಿನಿಂದ ಸಾರು ಮಾಡಿಸಿಕೊಂಡು ಬಂದಿದ್ದರು. ಕಣ್ಣಿಗೆ ಹನಿ ಹಾಕುವುದು ಹೇಗೆಂದು ನನಗೆ ತೋರಿಸಿಕೊಟ್ಟು, ಹೋಗುವಾಗ ಅಮ್ಮನ ಕೈ ಹಿಡಿದು, "ನಿಮ್ಮ ಮಗಳ ಯೋಚ್ನೆ ಬಿಡಿ, ನಾನಿದೀನಿ" ಅಂದಿದ್ದರು. ಆ ಮಾತನ್ನು ಅಮ್ಮ ಇವತ್ತಿಗೂ ಮರೆತಿಲ್ಲ. ನೆನಪಾದಾಗೆಲ್ಲ ಬಯ್ಯುತ್ತಾಳೆ.

ಅಕ್ಕನಿಗೆ ಒಬ್ಬಳು ತಂಗಿ. ಹಲಸೂರಿನ ಅದೇ ಸಂದಿಯಲ್ಲಿ ಮನೆಯಲ್ಲೇ ಅಡುಗೆ ಮಾಡಿ ಆಫೀಸುಗಳಿಗೆ ಊಟ ಕಳಿಸುತ್ತಿದ್ದಳು. ನಮ್ಮ ಆಫೀಸಿಗೂ ಅವಳದೇ ಊಟ, ಗೊತ್ತುಮಾಡಿಸಿದವರು ಅಕ್ಕನೇ. ಒಳ್ಳೆಯ ಊಟವೇ, ಅದರಲ್ಲಿ ಎರಡು ಮಾತಿಲ್ಲ. ಆಯುಧಪೂಜೆಗೆ ಕಂಪ್ಯೂಟರಿಗೆಲ್ಲ ಕುಂಕುಮ ಹಚ್ಚಿ, ಕುಂಬಳಕಾಯಿ ಒಡೆದು, ಆ ತಂಗಿ ಕಳಿಸಿದ ಪುಲಾವ್, ಮೊಸರು ಬಜ್ಜಿ, ಪಾಯಸ ಉಂಡೆವು. ಅಕ್ಕ ಎಲ್ಲರಿಗೂ ನಿಂತು ಬಡಿಸಿದರು. ನನ್ನ ತಟ್ಟೆಗೆ ಮೊಸರು ಬಜ್ಜಿ ಇನ್ನೊಂದು ಸೌಟು ಹಾಕಿ, "ಉಣ್ಣೇ, ಗಾಳಿಗೆ ಹಾರಿಹೋಗೋ ಥರ ಇದೀಯ" ಅಂದರು.

ಮಾರನೇ ದಿನ ಆಫೀಸಿನ ಅರ್ಧ ಜನಕ್ಕೆ ಹೊಟ್ಟೆ ಕೆಟ್ಟಿತ್ತು. ಶಾಜಿಯಾ ಎರಡು ದಿನ ಬರಲಿಲ್ಲ. ನನಗೆ ಜ್ವರ ಬಂದು, ಭೇದಿಯಲ್ಲಿ ರಕ್ತ ಕಾಣಿಸಿಕೊಂಡು ಜೀವ ಹಿಂಡಿಹೋಯಿತು. ಹೇಗೋ ಸುಧಾರಿಸಿಕೊಂಡು ಕೆಲಸಕ್ಕೆ ಹೋದೆ. ಯಾರೂ ಊಟದ ಮಾತೆತ್ತಲಿಲ್ಲ. ಅಕ್ಕನ ತಂಗಿಯ ಊಟ, ಯಾರು ಎತ್ತುತ್ತಾರೆ? ಬಿಸಿಲು, ನೀರು ಬದಲಾಯಿತು ಅಂದುಕೊಂಡು ಸುಮ್ಮನಾದರು.

ಅದಾಗಿ ಕೆಲವು ದಿನಕ್ಕೆ ಬೆಳಿಗ್ಗೆ ಏಳಲು ಹೋದರೆ ಎಡ ಮಂಡಿ ತೆಂಗಿನಕಾಯಿಯ ಹಾಗೆ ಊದಿಕೊಂಡಿತ್ತು. ಆಟೋ ಹಿಡಿದು ಆಫೀಸಿಗೆ ಹೋದೆ. ರಜೆಗಳೆಲ್ಲ ಅಮ್ಮನ ಕಣ್ಣಿಗೆ ಮುಗಿದಿದ್ದವು. ನಾನು ಕುಂಟುತ್ತಾ ಬಂದದ್ದನ್ನು ಮೊದಲು ನೋಡಿದವರು ಅಕ್ಕ. ನನ್ನನ್ನು ಕೈಹಿಡಿದು ಊಟದ ಕೋಣೆಗೆ ಕರೆದುಕೊಂಡು ಹೋಗಿ ಕೂರಿಸಿ, ನನ್ನ ಮಂಡಿಯ ಮೇಲೆ ಅಂಗೈ ಇಟ್ಟರು. ನರ್ಸ್ ಆಗಿದ್ದವರ ಕೈ, ತಣ್ಣಗಿತ್ತು. ಅವರ ಇನ್ನೊಂದು ಕೈ ತಮ್ಮ ಎಡ ಮಂಡಿಗೆ ಹೋಯಿತು.

"ಕಣ್ಣು ಉರಿಯುತ್ತಾ?"

"ಹೂಂ."

"ಹಬ್ಬದ ಊಟ ಆದ್ಮೇಲೆ ಹೊಟ್ಟೆ ಕೆಟ್ಟಿತ್ತಲ್ಲ ನಿಂಗೆ?" ಅವರ ಮುಖ ಬಾಡಿತು. ದನಿ ತಗ್ಗಿಸಿ ಅಂದರು, "ಮೊದ್ಲು ಹೊಟ್ಟೆ, ಆಮೇಲೆ ಮಂಡಿ. ಅದೇ ಕಣೇ ಇದು. ಈಗ್ಲೇ ಡಾಕ್ಟ್ರ ಹತ್ರ ಹೋಗು. ಎರಡನ್ನೂ ಹೇಳು."

ಈ ಮಾತು ಕೇಳಿದವಳು ನಾನೊಬ್ಬಳೇ. ಕೋಣೆಯಲ್ಲಿ ಬೇರೆ ಯಾರೂ ಇರಲಿಲ್ಲ.

ಜೀವನ್ ಬಿಮಾ ನಗರದ ನಮ್ಮ ಹಳೇ ಡಾಕ್ಟರ ಹತ್ತಿರ ಹೋದೆ. ಎರಡನ್ನೂ ಹೇಳಿದೆ. ಅವರು ಮಂಡಿ ಒತ್ತಿ ನೋಡಿ ಚೀಟಿಯಲ್ಲಿ ಬರೆದರು. ಒಂದು ಸಾಲು, ಕೆಲವು ದಿನಗಳ ಹಿಂದೆ ಭೇದಿ. ಕೆಳಗಿನ ಸಾಲು, ಈಗ ಎಡ ಮಂಡಿ ಊತ. ಅದರ ಕೆಳಗೆ ಮಾತ್ರೆ, ರಕ್ತ ಪರೀಕ್ಷೆ, ಕಾಲಿಗೆ ಪೂರ್ತಿ ವಿಶ್ರಾಂತಿ. ನನ್ನ ಕಣ್ಣು ಎರಡು ಸಾಲಿನ ನಡುವಿನ ಖಾಲಿ ಜಾಗಕ್ಕೇ ಹೋಯಿತು. ಬೇರೆ ಯಾರಾದರೂ ಆಗಿದ್ದರೆ, "ಡಾಕ್ಟ್ರೇ, ಇದು ಆ ಊಟದಿಂದ ಬಂದದ್ದು, ಹಾಗಂತ ಬರ್ಕೊಡಿ" ಎಂದು ಗೋಗರೆದು ಬರೆಸಿಕೊಳ್ಳುತ್ತಿದ್ದರು. ನಮ್ಮ ಬೀದಿಯ ಯಾವ ಹೆಂಗಸಿಗೂ ಅಷ್ಟು ಬುದ್ಧಿ ಇದೆ. ನಾನು ಅಕ್ಕನ ಶಿಷ್ಯೆ. ಡಾಕ್ಟರ ಬಾಯಿಗೆ ಉತ್ತರ ಇಡಬಾರದು.

"ಡಾಕ್ಟ್ರೇ, ಇದರ ಕಾರಣಾನ ದಯವಿಟ್ಟು ಸ್ಪಷ್ಟಪಡಿಸ್ತೀರಾ?" ಅಂದೆ.

ಅವರು ಕನ್ನಡಕದ ಮೇಲಿಂದ ನೋಡಿ ನಕ್ಕರು. "ಕಾರಣ ಇಟ್ಕೊಂಡು ಏನಮ್ಮಾ ಮಾಡ್ತೀಯ? ಮಾತ್ರೆ ನುಂಗು, ಕಾಲು ಮೇಲೆತ್ಕೊಂಡು ಮಲ್ಕೋ." ಮುಂದಿನವರನ್ನು ಒಳಗೆ ಕರೆದರು.

ಮಂಡಿ ಬೇಗ ವಾಸಿಯಾಗುವ ಹಾಗೆ ಕಾಣಲಿಲ್ಲ. ಮ್ಯಾನೇಜರ್ ವಯಸ್ಸಿನಲ್ಲಿ ನನಗಿಂತ ಚಿಕ್ಕವನು, ಕೆಟ್ಟವನಲ್ಲ. ಕರೆಸಿ ಹೇಳಿದ. "ನೋಡಿ, ನಿಮ್ಮ ರಜಾ ಎಲ್ಲ ಮುಗ್ದಿದೆ. ಸುಮ್ನೆ ಉದ್ದಕ್ಕೆ ರಜಾ ಹಾಕಿದ್ರೆ ಮೇಲಿನವರು ಬಿಡಲ್ಲ, ಜಾಗಕ್ಕೆ ಬೇರೆಯವರನ್ನ ತಗೋತಾರೆ. ಆದ್ರೆ ಆಫೀಸ್ ಊಟದಿಂದ ಆದ ಕಾಯಿಲೆ ಅಂತಾದ್ರೆ ನಾನು ರಜಾ ಕೊಡಿಸಿ ಸೀಟು ಉಳಿಸ್ತೀನಿ. ನಂಗೆ ಮೆಡಿಕಲ್ ಗೊತ್ತಾಗಲ್ಲ. ಅಕ್ಕ ಹೂಂ ಅಂದ್ರೆ ಸಾಕು."

ನನಗೆ ಎಷ್ಟು ನಿರಾಳವಾಯಿತು ಎಂದರೆ! ಅಕ್ಕ ತಾನೇ. ಊಟದ ಕೋಣೆಯಲ್ಲಿ ಮಂಡಿ ಮುಟ್ಟಿ ಹೇಳಿದವರೇ ಅವರು.

ಅಕ್ಕ ಬಂದರು. ಕೂತರು. ದಾರದಲ್ಲಿದ್ದ ಕನ್ನಡಕ ಏರಿಸಿ ಡಾಕ್ಟರ ಚೀಟಿ ಓದಿದರು. ಎಡ ಮಂಡಿ ಎಂಬ ಸಾಲಿಗೆ ಅವರ ಕಣ್ಣು ಬಂದಾಗ ನಾನು ಅವರ ಕೈಯನ್ನೇ ನೋಡುತ್ತಿದ್ದೆ. ಅದು ಮೇಜಿನ ಮೇಲೆ ಇತ್ತು. ಅಲ್ಲಾಡಲಿಲ್ಲ. ಎಲ್ಲಿಯದೋ ಊರಿನ ಗುರುತು ಪರಿಚಯವಿಲ್ಲದ ರೋಗಿಯ ಮಂಡಿಗೂ ಕೆಳಗಿಳಿಯುತ್ತಿದ್ದ ಕೈ, ಎದುರಿಗೆ ಕೂತಿದ್ದ ನನ್ನ ಮಂಡಿಗೆ ಇಳಿಯಲಿಲ್ಲ.

"ಭೇದಿ ಅಂತಿದೆ. ಆಮೇಲೆ ಊತ ಅಂತಿದೆ," ಅಂದರು ಮ್ಯಾನೇಜರಿಗೆ. "ಅದರಿಂದ ಅಂತ ಇಲ್ಲ."

"ಅಂದ್ರೆ ಊಟದಿಂದ ಅಲ್ವಾ ಅಕ್ಕಾ?" ಅವನು ಕೇಳಿದ.

"ಅಲ್ಲ ಅಂತ ನಾನು ಹೇಳ್ತಿಲ್ಲಪ್ಪ. ಹೌದು ಅಂತ ಇಲ್ಲಿ ಬರ್ದಿಲ್ಲ. ಬರೀದೇ ಇರೋದನ್ನ ನಾನು ಹೇಗೆ ಹೇಳ್ಲಿ?"

"ಅಕ್ಕಾ, ನೀವೇ ಹೇಳಿದ್ರಲ್ಲ? ಅವತ್ತು ಊಟದ ಕೋಣೇಲಿ, ನನ್ನ ಮಂಡಿ ಮುಟ್ಟಿ, ಅದೇ ಕಣೇ ಇದು ಅಂತ?"

ಅವರು ನನ್ನ ಕಡೆ ತಿರುಗಲಿಲ್ಲ. ಚೀಟಿಯನ್ನು ಮಡಿಸಿದ ಗೆರೆಯಲ್ಲೇ ಮತ್ತೆ ಮಡಿಸಿ ನನ್ನ ಮುಂದಿಟ್ಟು, "ನಾನೇನು ಡಾಕ್ಟ್ರಾ?" ಅಂದರು.

ಅಷ್ಟೇ. ಕುತ್ತಿಗೆ ಕುಯ್ದರು ಎನ್ನುತ್ತಾರಲ್ಲ, ಅದು. ಅದೂ ನನಗೇ ಕಲಿಸಿಕೊಟ್ಟ ಕತ್ತಿಯಿಂದ. ಸುಳ್ಳು ಹೇಳಿದ್ದರೆ ಜಗಳವಾಡಬಹುದಿತ್ತು. ಅವರು ಆಡಿದ್ದರಲ್ಲಿ ಒಂದಕ್ಷರ ಸುಳ್ಳಿರಲಿಲ್ಲ, ಎಲ್ಲವೂ ನಿಯಮದ ಪ್ರಕಾರವೇ ಇತ್ತು. ನಾನು ಡಾಕ್ಟರ ಹತ್ತಿರ ಮತ್ತೆ ಹೋಗಿ, ಈ ಸಲ ಮಡಿಯನ್ನೆಲ್ಲ ಬಿಟ್ಟು, ಅದರಿಂದ ಎಂದು ಬರೆದುಕೊಡಿ ಎಂದು ಬೇಡಿಕೊಂಡೆ. ಆಫೀಸು ಎಂಬ ಮಾತು ಕೇಳಿದ್ದೇ ಅವರು ಹಿಂದೆ ಸರಿದರು. "ನಿಮ್ಮ ಆಫೀಸ್ ಜಗಳಕ್ಕೆ ನನ್ನ ಎಳೀಬೇಡಮ್ಮಾ." ಬೇರೆ ದೊಡ್ಡ ಡಾಕ್ಟರನ್ನು ಹುಡುಕಿಕೊಂಡು ಹೋಗಲು ಕಾಲು ಬೇಕಲ್ಲ? ಅದು ನೆಲಕ್ಕೆ ಊರುವ ಹೊತ್ತಿಗೆ ನನ್ನ ಸೀಟಿನಲ್ಲಿ ಬೇರೆಯವರು ಕೂತಿದ್ದರು.

ಅಮ್ಮನಿಗೆ ಹೇಳಿದಾಗ ಅವಳು, "ನಾನಿದೀನಿ ಅಂದಿದ್ಲಲ್ಲೇ ಆವಮ್ಮ. ನನ್ನ ಕೈ ಹಿಡ್ಕೊಂಡು ಅಂದಿದ್ಲು," ಎಂದು ಅತ್ತಳು. ನಾನು ಅವತ್ತು ಅಳಲಿಲ್ಲ. ನನಗೆ ಅಳು ಬಂದದ್ದು ಇನ್ನೊಂದು ದಿನ, ಆಯಿಂಟ್‌ಮೆಂಟ್ ಹಚ್ಚುವಾಗ ನನ್ನ ಬಾಯಲ್ಲಿ ತಾನಾಗಿ "ಮೊದ್ಲು ಹೊಟ್ಟೆ" ಎಂದು ಬಂದಾಗ.

ಈಗ ನಾನು ಕೆ.ಆರ್.ಪುರದ ಒಂದು ಲ್ಯಾಬಿನ ಕೌಂಟರಿನಲ್ಲಿ ಕೂತು ರಕ್ತದ ರಿಪೋರ್ಟ್ ಕೊಡುತ್ತೇನೆ. ಹೊಸ ತಿಪ್ಪಸಂದ್ರದ ಮನೆ ಬಿಟ್ಟು ರಾಮಮೂರ್ತಿ ನಗರದಲ್ಲಿ ಚಿಕ್ಕ ಮನೆ ಹಿಡಿದಿದ್ದೇವೆ. ಊತ ಇಳಿಯಿತು, ಆದರೆ ಮೆಟ್ಟಿಲು ಇಳಿಯುವಾಗ ಮಂಡಿ ಇನ್ನೂ ಹಿಡಿಯುತ್ತದೆ. ಕೋಡಿಂಗಿಗೆ ಬೇರೆ ಕಡೆ ಹೋಗಬಹುದಿತ್ತು. ಹಳೇ ಆಫೀಸಿನಲ್ಲಿ ವಿಚಾರಿಸುತ್ತಾರೆ, ಅಲ್ಲಿ ಮತ್ತೆ ಅಕ್ಕನನ್ನೇ ಕೇಳುತ್ತಾರೆ. ಬೇಡ ಅನ್ನಿಸಿತು.

ಒಂದು ಸಲ ಹಲಸೂರು ಮಾರ್ಕೆಟ್ಟಿನಲ್ಲಿ ಎದುರಾದರು. ಹೂವಿನವಳ ಮುಂದೆ ನಿಂತಿದ್ದರು. ನಾನು ಕಾಲೆಳೆದುಕೊಂಡು ಬರುತ್ತಿದ್ದದ್ದನ್ನು ನೋಡಿದರು. ತಪ್ಪಿಸಿಕೊಂಡು ಹೋಗಲು ಅಲ್ಲಿ ಜಾಗವೂ ಇರಲಿಲ್ಲ.

"ಹೇಗಿದೀಯೇ?"

"ನೋಡ್ತಿದೀರಲ್ಲ."

ನನ್ನ ಕಾಲಿನಿಂದ ಕಣ್ಣು ತೆಗೆದು ಅಂದರು, "ನಾನೊಂದು ಮಾತು ಸುಳ್ಳು ಹೇಳಿದ್ನಾ, ನೀನೇ ಹೇಳು."

"ಇಲ್ಲ ಅಕ್ಕಾ."

"ಅವಳು ನನ್ನ ಒಡಹುಟ್ಟಿದ ತಂಗಿ ಕಣೇ. ಊಟದಿಂದ ಅಂತ ಒಂದು ಮಾತು ಬಂದಿದ್ರೆ ಒಂದು ಆಫೀಸೂ ಉಳೀತಿರ್ಲಿಲ್ಲ ಅವಳಿಗೆ. ಅವಳ ಮನೆ ಮುಳುಗ್ತಿತ್ತು."

"ಮತ್ತೆ ನಂದು?" ಅಂದೆ.

ಅವರು ಹೂವಿನವಳು ಕತ್ತರಿಸಿಕೊಟ್ಟ ಮಲ್ಲಿಗೆಯಲ್ಲಿ ಅರ್ಧ ಹರಿದು ನನ್ನ ಕಡೆ ಚಾಚಿ, "ಮುಡ್ಕೋ" ಅಂದರು. ಬೇಡ ಅಂದೆ. ಚಾಚಿದ ಕೈ ಹಾಗೇ ಇತ್ತು, ನಾನು ದಾಟಿ ಬಂದೆ. ನನ್ನನ್ನು ತಂಗಿಯ ಹಾಗೆ ನೋಡಿಕೊಂಡರು, ಒಳ್ಳೆಯ ಕೆಲಸ ಕಲಿಸಿದರು, ಅಮ್ಮನಿಗೆ ಸಾರು ತಂದುಕೊಟ್ಟರು. ಅದ್ಯಾವುದೂ ಸುಳ್ಳಲ್ಲ, ಅದೇ ನನ್ನ ಹೊಟ್ಟೆ ಉರಿಸುವುದು. ಪೂರ್ತಿ ಕೆಟ್ಟವರಾಗಿದ್ದರೆ ಎಂದೋ ಮರೆತು ಹಾಯಾಗಿರುತ್ತಿದ್ದೆ.

ಇಷ್ಟನ್ನೂ ಬರೆದು ಪಕ್ಕಕ್ಕಿಟ್ಟೆ. ಶಾಜಿಯಾಗೆ ಬೇಕಾದ ಎರಡು ಸಾಲು ಆಗ ತಾನಾಗಿ ಬಂದವು. ಕಳಿಸಿದೆ.

ಅಕ್ಕ ನನಗೆ ಕೆಲಸ ಕಲಿಸಿದರು.
ಆಮೇಲೆ ನನ್ನ ಕೆಲಸ ಹೋಯಿತು.

ತಕ್ಷಣ ಫೋನ್ ಬಂತು. "ಏನೇ ಇದು? ಅವರಿಂದ ಹೋಯ್ತು ಅಂತಾನಾ?"

"ಹಾಗಂತ ಎಲ್ಲಿ ಬರ್ದಿದೀನಿ, ತೋರ್ಸು," ಅಂದೆ. "ಇದ್ದ ಹಾಗೇ ಹಾಕು. ಅವರಿಗೆ ಅರ್ಥ ಆಗುತ್ತೆ."

ನಿನ್ನೆ ಬೀಳ್ಕೊಡುಗೆ ಆಯಿತಂತೆ. ಶಾಲು, ಹಾರ, ಕೇಕು, ಅಳು ಎಲ್ಲ ಇತ್ತಂತೆ. ಶಾಜಿಯಾ ಎಲ್ಲವನ್ನೂ ವರದಿ ಮಾಡಿದಳು. ನಾನು ಕೇಳಬಾರದು ಅಂದುಕೊಂಡೇ ಕೇಳಿದೆ, ನನ್ನದು ಓದಿದರಾ?

"ಓದಿದ್ರು. ನಿನ್ನ ಪುಟ ಬಂದಾಗ ಸುಮ್ನೆ ಮಂಡಿ ಹಿಡ್ಕೊಂಡು ಕೂತ್ಬಿಟ್ರು. ನೋವಿರ್ಬೇಕು, ವಯಸ್ಸಾಯ್ತಲ್ಲ."

"ಯಾವ ಮಂಡಿ?"

"ಎಡಗಡೇದು ಅನ್ಸುತ್ತೆ. ಯಾಕೇ?"

ಏನಿಲ್ಲ ಎಂದು ಫೋನ್ ಇಟ್ಟೆ. ಈಗ ಮುಟ್ಟಿಕೊಂಡರೆ ಏನು ಬಂತು! ಅವತ್ತು, ಆ ಮೇಜಿನ ಮುಂದೆ ಮುಟ್ಟಿಕೊಂಡಿದ್ದರೆ ಸಾಕಾಗಿತ್ತು. ಬಾಯಿ ಬಿಡದಿದ್ದರೂ ಸರಿ, ಕೈಯೊಂದು ಕೆಳಗೆ ಹೋಗಿದ್ದರೆ ನಾನು ಇವತ್ತಿಗೂ ಅವರನ್ನು ಬಾಯಿತುಂಬ ಅಕ್ಕ ಅನ್ನುತ್ತಿದ್ದೆ.